ಉಸಿರಾಡುವ ಟಿವಿ: ‘ವಿಡಿಯೋಡ್ರೋಮ್’ನಲ್ಲಿ ಹೇಗೆ ಮಾಡಿದರು, ಈಗ ಮಾಡುವುದಾದರೆ ಹೇಗೆ?

ಮೂರನೇಸಾಲು

ಎಲ್ಲರಿಗೂ ನಮಸ್ಕಾರ. 12 ನಿಮಿಷದ ಕಿರುಚಿತ್ರವೊಂದಕ್ಕೆ ತಯಾರಿ ನಡೆದಿದೆ. ಒಂಟಿಯಾಗಿರುವ ಹೆಂಗಸು, ಅವಳ ಮನೆಯಲ್ಲೊಂದು ಹಳೆಯ ಪಿಕ್ಚರ್ ಟ್ಯೂಬ್ ಟಿವಿ. ಒಂದು ಹೊತ್ತಿನಲ್ಲಿ ಟಿವಿಯ ಗಾಜು ಮೆತ್ತಗಾಗಿ ಅವಳ ಅಂಗೈ ಕಡೆಗೆ ಉಬ್ಬಬೇಕು. ಡೇವಿಡ್ ಕ್ರೋನೆನ್‌ಬರ್ಗ್ ಅವರ ‘ವಿಡಿಯೋಡ್ರೋಮ್’ (1983) ನೋಡಿದವರಿಗೆ ಯಾವ ದೃಶ್ಯದ ಮಾತು ಅಂತ ಗೊತ್ತಾಗುತ್ತದೆ: ಟಿವಿಯಲ್ಲಿ ಕಾಣುವ ತುಟಿಗಳು ನಾಯಕನನ್ನು ಕರೆಯುತ್ತವೆ, ತೆರೆ ಅವನ ಕಡೆಗೆ ಉಬ್ಬುತ್ತದೆ. ಕಂಪ್ಯೂಟರ್ ಗ್ರಾಫಿಕ್ಸ್ ಬಳಸುವುದಿಲ್ಲ, ಎಲ್ಲವೂ ಕ್ಯಾಮೆರಾ ಮುಂದೆಯೇ ನಡೆಯಬೇಕು. ಕೇಳಬೇಕಾದ್ದು ಮೂರು: ಮೂಲದಲ್ಲಿ ಅದನ್ನು ಮಾಡಿದ್ದು ಹೇಗೆ? ನಮ್ಮಲ್ಲಿ ಸಿಗುವ ಸಾಮಾನುಗಳಲ್ಲಿ ಅದು ಆಗುತ್ತದೆಯೇ? ಎಲ್ಲಿ ಕೈಕೊಡುತ್ತದೆ?

ಅಚ್ಚುಮನೆ

ಮೂಲದಿಂದ ಶುರು ಮಾಡೋಣ. ಮೇಕಪ್ ಎಫೆಕ್ಟ್ಸ್ ರಿಕ್ ಬೇಕರ್ ತಂಡದ್ದು. ವಿಡಿಯೋ ಕೆಲಸ ಮೈಕಲ್ ಲೆನಿಕ್ ಅವರದು. ಉಬ್ಬುವ ತೆರೆ ಗಾಜಲ್ಲ, ರಬ್ಬರ್ ಹಾಳೆ. ಮೊದಲ ಪರೀಕ್ಷೆಗೆ ಟಿವಿ ತೆರೆಯ ಅಳತೆಯ ಚೌಕಟ್ಟಿಗೆ ಹವಾಮಾನ ಬಲೂನಿನ ರಬ್ಬರ್ ಎಳೆದು ಕಟ್ಟಿದರು. ಹಿಂದಿನಿಂದ ಕೈ ಒತ್ತಿ, ಹರಿಯದೆ ಎಷ್ಟು ಮುಂದೆ ಬರುತ್ತದೆ ಎಂದು ನೋಡಿದರು. ಆಮೇಲೆ ರಬ್ಬರ್ ತೆರೆಯ ಮೇಲೆ ವಿಡಿಯೋ ಪ್ರೊಜೆಕ್ಟರ್‌ನಿಂದ ತುಟಿಗಳ ಚಿತ್ರ ಬಿಟ್ಟರು.

ಟಿವಿಯ ಪೆಟ್ಟಿಗೆ ಅಲೆಯಾಡುವುದು ಬೇರೆಯದೇ ಯಂತ್ರ. ಫ್ರಾಂಕ್ ಕಾರೆರೆ ಎಂಬ ತಂತ್ರಜ್ಞರು ಏರ್ ಕಂಪ್ರೆಸರ್‌ನ ಕವಾಟಗಳನ್ನು ಪಿಯಾನೋ ಕೀಲಿಮಣೆಗೆ ಜೋಡಿಸಿ, ತಾವೇ ಕೂತು ನುಡಿಸಿದರು. ಒಂದೊಂದು ಕೀಲಿ ಒತ್ತಿದಾಗಲೂ ಒಂದೊಂದು ಜಾಗ ಉಬ್ಬುತ್ತದೆ. ಆ ಪೆಟ್ಟಿಗೆ ಮೋಟಾರು ತಿರುಗಿದಂತೆ ಕಾಣದೆ ಜೀವ ಇದ್ದಂತೆ ಕಾಣುವುದು ಇದರಿಂದಲೇ. ಹಿಂದೆ ಒಬ್ಬ ಮನುಷ್ಯನ ಬೆರಳಿದೆ, ಆ ಬೆರಳಿಗೆ ಲಯವಿದೆ.

ಇನ್ನೊಂದು ಸಂಗತಿಯನ್ನು ಇಲ್ಲೇ ಹೇಳಬೇಕು. ಚಿತ್ರದಲ್ಲಿ ನಾಯಕ ಜೇಮ್ಸ್ ವುಡ್ಸ್ ಅವರ ಹೊಟ್ಟೆಯಲ್ಲಿ ಸೀಳೊಂದು ತೆರೆಯುತ್ತದೆ, ಅದರೊಳಗೆ ಹೋಗುವ ವಿಡಿಯೋ ಕ್ಯಾಸೆಟ್ ಚಿಕ್ಕ ಅಳತೆಯ ಬೀಟಾಮ್ಯಾಕ್ಸ್. ವಿಎಚ್‌ಎಸ್ ಕ್ಯಾಸೆಟ್ ಅದಕ್ಕಿಂತ ದೊಡ್ಡದು, ಆ ಕೃತಕ ಸೀಳಿಗೆ ಹಿಡಿಸುತ್ತಿರಲಿಲ್ಲ. ನಿಮ್ಮ ಚಿತ್ರದಲ್ಲೂ ಮೊದಲು ದೇಹದ ಅಳತೆ ತೆಗೆದುಕೊಳ್ಳಿ, ವಸ್ತುವನ್ನು ಆಮೇಲೆ ಆರಿಸಿ.

ತೆರೆಹಿಂದೆ

ಕ್ಯಾಮೆರಾ ಕಡೆಯದನ್ನು ನಾನು ಹೇಳುತ್ತೇನೆ. ಉಬ್ಬುವ ಶಾಟ್‌ಗೆ ಮಾತ್ರ ರಬ್ಬರ್ ತೆರೆ. ಅದಕ್ಕೆ ಮುಂಚಿನ ಶಾಟ್‌ಗಳಲ್ಲಿ ನಿಜವಾದ ಟಿವಿ ಉರಿಯುತ್ತಿರುತ್ತದೆ. ಮೊದಲ ಸಮಸ್ಯೆ ಅಲ್ಲೇ.

ನಮ್ಮ ಹಳೆಯ ಟಿವಿ ಪಾಲ್ ಎಂಬ ಪ್ರಸಾರ ಪದ್ಧತಿಯದು. ಸೆಕೆಂಡಿಗೆ 25 ಫ್ರೇಮ್, 50 ಫೀಲ್ಡ್ (ಅರ್ಧ ಫ್ರೇಮ್). ಕ್ಯಾಮೆರಾವನ್ನು 24 ಫ್ರೇಮ್, 1/48 ಸೆಕೆಂಡಿನ ಶಟರ್‌ನಲ್ಲಿಟ್ಟರೆ ತೆರೆಯ ಮೇಲೆ ಪಟ್ಟೆಯೊಂದು ಉರುಳುತ್ತಾ ಹೋಗುತ್ತದೆ. ಸುಲಭ ದಾರಿ: ಇಡೀ ಚಿತ್ರವನ್ನೇ 25 ಫ್ರೇಮ್‌ನಲ್ಲಿ ತೆಗೆಯಿರಿ, ಶಟರ್ 180 ಡಿಗ್ರಿ, ಅಂದರೆ 1/50. 24 ಫ್ರೇಮೇ ಬೇಕೆಂದರೆ ಶಟರ್ 172.8 ಡಿಗ್ರಿಗೆ ತನ್ನಿ. ಅದೂ 1/50 ಆಗುತ್ತದೆ, ಆದರೆ ಸಣ್ಣ ಗೆರೆಯೊಂದು ಸರಿಯುತ್ತಿರಬಹುದು. 25ರಲ್ಲಿ ತೆಗೆದರೂ ಎರಡು ಯಂತ್ರಗಳ ಗಡಿಯಾರ ಕೂದಲೆಳೆಯಷ್ಟು ಬೇರೆ ಇರುವುದರಿಂದ, ಉದ್ದನೆಯ ಟೇಕ್‌ನಲ್ಲಿ ಗೆರೆ ಮೆಲ್ಲಗೆ ಒಳಗೆ ಬರುತ್ತದೆ. ಮಾನಿಟರ್‌ನಲ್ಲಿ ನೋಡುತ್ತಿರಿ, ಗೆರೆ ತೆರೆಯ ಅಂಚಿಗೆ ಸರಿದಾಗ ‘ಆ್ಯಕ್ಷನ್’ ಹೇಳಿ.

ಅಮೆರಿಕ, ಕೆನಡಾದವರಿಗೆ ಇದು ಇನ್ನೂ ಕಷ್ಟವಿತ್ತು. ಅಲ್ಲಿನ ಟಿವಿ 29.97 ಫ್ರೇಮ್, ಫಿಲ್ಮ್ 24. ಹಾಗಾಗಿ ಆ ಕಾಲದ ಚಿತ್ರಗಳಲ್ಲಿ ಟಿವಿಯನ್ನೇ 24 ಫ್ರೇಮ್‌ಗೆ ಮಾರ್ಪಡಿಸಿ ಕ್ಯಾಮೆರಾಗೆ ತಾಳೆ ಹಾಕುತ್ತಿದ್ದರು.

ಒಂದು ಎಚ್ಚರಿಕೆ. ಬೆಂಗಳೂರಿನ ಎಸ್‌.ಪಿ. ರಸ್ತೆಯಲ್ಲೋ ಗುಜರಿಯಲ್ಲೋ ಹಳೇ ಟಿವಿ ತಂದು ನೀವೇ ಬಿಚ್ಚಬೇಡಿ. ಪ್ಲಗ್ ಕಿತ್ತ ಮೇಲೂ ಪಿಕ್ಚರ್ ಟ್ಯೂಬ್‌ನ ಆನೋಡ್‌ನಲ್ಲಿ ಸಾವಿರಾರು ವೋಲ್ಟ್ ಉಳಿದಿರುತ್ತದೆ. ಕಲರ್ ಟಿವಿ ಓಡುವಾಗ ಅದು 20ರಿಂದ 25 ಸಾವಿರದವರೆಗೂ ಇರುತ್ತದೆ. ಟ್ಯೂಬಿನ ಒಳಗೆ ನಿರ್ವಾತ. ಟ್ಯೂಬ್ ಒಡೆದರೆ ಗಾಜು ಒಳಕ್ಕೆ ಸಿಡಿದು ಚೂರುಗಳು ಹೊರಗೆ ಹಾರುತ್ತವೆ. ಟಿವಿ ರಿಪೇರಿ ಮಾಡುವವರ ಕೈಲೇ ಚಾರ್ಜ್ ಇಳಿಸಿ ಟ್ಯೂಬ್ ತೆಗೆಸಿ. ನಿಮಗೆ ಬೇಕಾದ್ದು ಖಾಲಿ ಪೆಟ್ಟಿಗೆ. ಒಂದೇ ಮಾದರಿಯ ಎರಡು ಟಿವಿ ಹುಡುಕಿ: ಒಂದು ಉರಿಯುವುದು, ಇನ್ನೊಂದು ಟೊಳ್ಳು.

ದನಿಪಟ್ಟಿ

ಎಲ್ಲ ಸರಿ. ಆದರೆ ಚರ್ಚೆ ಪೂರಾ ರಬ್ಬರಿಗೇ ಹೋಗುತ್ತಿದೆ. ಯಂತ್ರದ ಮೇಲಿನ ಆಸೆಯನ್ನು ತೋರಿಸಲು ರಬ್ಬರೇ ಬೇಕು ಅನ್ನುವುದನ್ನು ನಾನು ಒಪ್ಪುವುದಿಲ್ಲ. ಅದೇ ನಿರ್ದೇಶಕರ ‘ಕ್ರ್ಯಾಶ್’ (1996) ತೆಗೆದುಕೊಳ್ಳಿ. ಜೆ.ಜಿ. ಬಲಾರ್ಡ್ ಅವರ 1973ರ ಕಾದಂಬರಿ ಲಂಡನ್ ವಿಮಾನ ನಿಲ್ದಾಣದ ಸುತ್ತ ನಡೆಯುತ್ತದೆ, ಸಿನಿಮಾ ಅದನ್ನು ಟೊರಾಂಟೊಗೆ ತಂದಿತು. ಕಾರು ಅಪಘಾತದಿಂದ ಕಾಮೋದ್ರೇಕ ಪಡೆಯುವ ಜನರ ಕಥೆ. ಅದರಲ್ಲಿ ಉಬ್ಬುವ ಲೋಹವಿಲ್ಲ, ಉಸಿರಾಡುವ ಬಾನೆಟ್ ಇಲ್ಲ. ಕಾರು ಕಾರಾಗಿಯೇ ಇದೆ. ಆದರೂ ಕಾನ್ ಉತ್ಸವದಲ್ಲಿ ಅದಕ್ಕೆ ವಿಶೇಷ ಜ್ಯೂರಿ ಪ್ರಶಸ್ತಿ ಬಂತು, ಬ್ರಿಟನ್ನಿನಲ್ಲಿ ಪತ್ರಿಕೆಗಳು ಅದರ ವಿರುದ್ಧ ಆಂದೋಲನವನ್ನೇ ಹೂಡಿದವು, ಲಂಡನ್ನಿನ ವೆಸ್ಟ್‌ಮಿನ್‌ಸ್ಟರ್ ಕೌನ್ಸಿಲ್ ತನ್ನ ವ್ಯಾಪ್ತಿಯ ಥಿಯೇಟರ್‌ಗಳಲ್ಲಿ ನಿಷೇಧಿಸಿತು. ಅಲ್ಲಿನ ಸೆನ್ಸಾರ್ ಮಂಡಳಿ 1997ರಲ್ಲಿ ಒಂದೂ ಕತ್ತರಿ ಹಾಕದೆ 18ರ ಪ್ರಮಾಣಪತ್ರ ಕೊಟ್ಟಿತು.

ಆ ಕೆಲಸ ಆಗಿದ್ದು ಹೇಗೆ? ಒಂದು, ಅಪಘಾತಗಳಲ್ಲಿ ಸ್ಲೋ ಮೋಷನ್ ಇಲ್ಲ. ಒಂದೇ ಡಿಕ್ಕಿಯನ್ನು ನಾಲ್ಕು ಕೋನಗಳಿಂದ ಮತ್ತೆ ಮತ್ತೆ ತೋರಿಸುವುದಿಲ್ಲ. ಬಡಿಯಿತು, ಮುಗಿಯಿತು. ನೋಡುವವನಿಗೆ ಸಾಲದು ಅನಿಸುತ್ತದೆ, ಇನ್ನೊಮ್ಮೆ ಬೇಕು ಅನಿಸುತ್ತದೆ. ಪಾತ್ರಗಳಿಗೂ ಬೇಕಾಗಿರುವುದು ಅದೇ. ಎರಡು, ಹೊವಾರ್ಡ್ ಶೋರ್ ಅವರ ಸಂಗೀತ. 6 ಎಲೆಕ್ಟ್ರಿಕ್ ಗಿಟಾರ್, 3 ಹಾರ್ಪ್, ಕೆಲವು ಊದುವಾದ್ಯ, ತಾಳವಾದ್ಯ. ಹಾರ್ಪ್ ತಂತಿಯೂ ಗಿಟಾರ್ ತಂತಿಯೂ ಸೇರಿ, ಕೇಳಿದ್ದು ಲೋಹವೋ ನರವೋ ಎಂದು ತಿಳಿಯದಂತಾಗುತ್ತದೆ. ಅಲ್ಲಿ ನಿಮ್ಮ ರಬ್ಬರಿನ ಕೆಲಸವನ್ನು ಸಂಗೀತವೇ ಮಾಡಿದೆ.

ಅಚ್ಚುಮನೆ

ದನಿಪಟ್ಟಿಯವರೇ, ‘ಕ್ರ್ಯಾಶ್’ ವಿಷಯದಲ್ಲಿ ನಿಮ್ಮ ಮಾತು ಒಪ್ಪುತ್ತೇನೆ. ಆದರೆ ಎರಡೂ ಚಿತ್ರಗಳಲ್ಲಿ ಆಸೆಯ ದಿಕ್ಕು ಬೇರೆ. ‘ಕ್ರ್ಯಾಶ್’ನಲ್ಲಿ ಯಂತ್ರಕ್ಕೆ ಮನುಷ್ಯನ ಹಂಗಿಲ್ಲ, ಬಯಕೆ ಒಂದೇ ಕಡೆಯದು. ಕಾರು ತಣ್ಣಗೇ ಇರಬೇಕು. ‘ವಿಡಿಯೋಡ್ರೋಮ್’ನಲ್ಲಿ ಯಂತ್ರವೇ ಕರೆಯುತ್ತದೆ. ಕರೆಯುವುದಕ್ಕೆ ಅದಕ್ಕೆ ಮೈ ಬೇಕು. ಮೂರನೇಸಾಲು ಅವರ ಕಥೆ ಎರಡನೇ ಜಾತಿಯದು, ತೆರೆ ತಾನಾಗಿ ಅಂಗೈ ಕಡೆಗೆ ಬರುತ್ತದೆ. ಹಾಗಾಗಿ ರಬ್ಬರ್ ಬೇಕೇ ಬೇಕು.

ಈಗ ತಯಾರಿ. ತೆರೆಯ ಕಿಂಡಿ 40 × 30 ಸೆಂ.ಮೀ. ಅಂತ ಇಟ್ಟುಕೊಳ್ಳುತ್ತೇನೆ.

ಹಲ್ಲಿನ ಡಾಕ್ಟರು ಬಳಸುವ ರಬ್ಬರ್ ಡ್ಯಾಮ್ 6 ಇಂಚಿನ ಚೌಕ, ಅದು ಸಾಲದು. 0.25ರಿಂದ 0.4 ಮಿ.ಮೀ. ದಪ್ಪದ ಲೇಟೆಕ್ಸ್ ಹಾಳೆ ಮೀಟರ್ ಲೆಕ್ಕದಲ್ಲಿ ತರಿಸಿ. ಕೆನೆಬಣ್ಣದ್ದು ಒಳ್ಳೆಯದು. ತೀರಾ ಪಾರದರ್ಶಕವಾದರೆ ಹಿಂದಿನ ಪ್ರೊಜೆಕ್ಟರ್ ಲೆನ್ಸ್ ಬಿಳಿ ಚುಕ್ಕೆಯಾಗಿ ಕಾಣುತ್ತದೆ. ಚೌಕಟ್ಟಿಗೆ ಶೇ. 10–15 ಎಳೆದು ಕೂರಿಸಿ. ಎಳೆಯದಿದ್ದರೆ ಗಾಳಿ ಇಳಿದಾಗ ಸುಕ್ಕು ಬೀಳುತ್ತದೆ. ಸ್ಟೇಪ್ಲರ್ ಪಿನ್ ಹೊಡೆಯಬೇಡಿ, ಹರಿಯುವುದು ಆ ತೂತಿನಿಂದಲೇ. ಒಳಚೌಕಟ್ಟು ಹೊರಚೌಕಟ್ಟು ಎರಡು ಮಾಡಿ, ಹಾಳೆಯನ್ನು ಮಧ್ಯೆ ಇಟ್ಟು 5 ಸೆಂ.ಮೀ.ಗೊಂದು ಸ್ಕ್ರೂ ಬಿಗಿಯಿರಿ. ಸ್ಕ್ರೂ ಹಾಳೆಯ ಹೊರಗೆ ಹೋಗಬೇಕು. ಚೌಕಟ್ಟಿನ ಅಂಚನ್ನು ಮರಳುಕಾಗದದಲ್ಲಿ ಉಜ್ಜಿ ದುಂಡಗೆ ಮಾಡಿ.

ತೆರೆಯ ಹಿಂದೆ 15 ಸೆಂ.ಮೀ. ಆಳದ ಗಾಳಿಪೆಟ್ಟಿಗೆ. ಅದರ ಹಿಂಬದಿಗೆ 8 ಮಿ.ಮೀ. ಅಕ್ರಿಲಿಕ್ ಹಲಗೆ. ಪ್ರೊಜೆಕ್ಟರ್ ಹಲಗೆಯ ಹೊರಗಿರಲಿ. ಒಳಗಿಟ್ಟರೆ ಗಾಳಿಯಾಡದೆ ಬಿಸಿಯಾಗಿ ಆರಿಹೋಗುತ್ತದೆ. ಅಕ್ರಿಲಿಕ್ ಯಾಕಿಷ್ಟು ದಪ್ಪ ಅಂದರೆ, ಒಳಗೆ ಬರೀ 2 ಕಿಲೋಪಾಸ್ಕಲ್ ಒತ್ತಡ ಬಂದರೂ ಈ ಅಳತೆಯ ಹಲಗೆಯ ಮೇಲೆ ಸುಮಾರು 24 ಕಿಲೋ ಭಾರ ಬೀಳುತ್ತದೆ. ತೆಳ್ಳಗಿದ್ದರೆ ಬಾಗುತ್ತದೆ, ಚಿತ್ರವೂ ಬಾಗುತ್ತದೆ. ಹಲಗೆಯನ್ನು 5ರಿಂದ 7 ಡಿಗ್ರಿ ಓರೆಯಾಗಿಸಿ, ಪ್ರತಿಫಲನ ಕ್ಯಾಮೆರಾಗೆ ಸಿಗುವುದಿಲ್ಲ. ಜಂಟಿಗಳಿಗೆಲ್ಲ ಸಿಲಿಕೋನ್ ಸೀಲೆಂಟ್ ಹಚ್ಚಿ.

ಗಾಳಿಗೆ ಕಂಪ್ರೆಸರ್ ಬೇಡ, ಸದ್ದು ಜಾಸ್ತಿ, ಹಿಡಿತ ಕಡಿಮೆ. ಕಾಲಲ್ಲಿ ಒತ್ತುವ, ಏರ್ ಬೆಡ್‌ಗೆ ಗಾಳಿ ತುಂಬುವ ಪಂಪು ಸಾಕು. ಜೊತೆಗೆ ಒಂದು ಟಿ-ಜಾಯಿಂಟ್, ಗಾಳಿ ಬಿಡಲು ಕೈಕವಾಟ. ಗಾಳಿ ಮಾತ್ರ ಇದ್ದರೆ ತೆರೆ ಗುಮ್ಮಟದಂತೆ ಉಬ್ಬುತ್ತದೆ. ತುಟಿಯ ಆಕಾರವೋ ಬೆರಳೋ ಬೇಕಾದರೆ ಪೆಟ್ಟಿಗೆಯ ಪಕ್ಕದಲ್ಲಿ ಉದ್ದ ತೋಳಿನ ರಬ್ಬರ್ ಗ್ಲೌಸನ್ನು ಗಾಳಿ ಸೋರದಂತೆ ಅಂಟಿಸಿ, ಒಳಗಿನಿಂದ ಒತ್ತಿ. ಆದರೆ ಪ್ರೊಜೆಕ್ಟರ್ ಬೆಳಕಿಗೆ ಕೈಯ ನೆರಳು ಬೀಳುತ್ತದೆ. ಕೈ ಚಿತ್ರದ ಕಪ್ಪು ಭಾಗದಿಂದ ಬರುವಂತೆ ವಿಡಿಯೋ ಮಾಡಿಕೊಳ್ಳಿ.

ಲೇಟೆಕ್ಸ್‌ಗೆ ದೊಡ್ಡ ಶತ್ರು ಎಣ್ಣೆ. ನಟಿಯ ಕೈಯಲ್ಲಿ ಕೊಬ್ಬರಿ ಎಣ್ಣೆಯೋ ಮಾಯಿಶ್ಚರೈಸರೋ ಇದ್ದರೆ ಹಾಳೆ ಕೆಲವೇ ಟೇಕ್‌ಗಳಲ್ಲಿ ಮೆತ್ತಗಾಗಿ ಹರಿಯುತ್ತದೆ. ಪ್ರತಿ ಟೇಕ್‌ಗೂ ಮುಂಚೆ ಕೈಯನ್ನು ಐಸೊಪ್ರೊಪೈಲ್ ಆಲ್ಕೋಹಾಲ್‌ನಲ್ಲಿ ಒರೆಸಿ. ಬಿಸಿಲಿಗೆ ಇಡಬೇಡಿ. 4 ಹಾಳೆ ಎಕ್ಸ್ಟ್ರಾ ಇಟ್ಟುಕೊಳ್ಳಿ. ಲೇಟೆಕ್ಸ್ ಅಲರ್ಜಿ ಇದೆಯೇ ಎಂದು ನಟಿಯನ್ನು ಮೊದಲೇ ಕೇಳಿ. ಇದ್ದರೆ ಈ ಇಡೀ ಯೋಜನೆಯನ್ನು ಸಿಲಿಕೋನ್ ಹಾಳೆಗೆ ಬದಲಿಸಬೇಕು.

ಮೂರನೇಸಾಲು

ತುಂಬಾ ಧನ್ಯವಾದ. ಎರಡು ಅನುಮಾನ. ತೆರೆ ಉಬ್ಬಿದಾಗ ಪ್ರೊಜೆಕ್ಟರ್ ಫೋಕಸ್ ತಪ್ಪುವುದಿಲ್ಲವೇ? ಪೆಟ್ಟಿಗೆಯ ಮೇಲೆ ನರ ಏಳಬೇಕಾದರೆ ಅಲ್ಲೂ ಲೇಟೆಕ್ಸೇನಾ?

ತೆರೆಹಿಂದೆ

ತಪ್ಪುತ್ತದೆ. ಉಬ್ಬು 12 ಸೆಂ.ಮೀ. ಆದರೆ, ಚಪ್ಪಟೆ ತೆರೆಗೆ ಫೋಕಸ್ ಮಾಡದೆ 5–6 ಸೆಂ.ಮೀ. ಮುಂದಕ್ಕೆ ಮಾಡಿ. ಶುರುವಿನಲ್ಲಿ ಚಿತ್ರ ಸ್ವಲ್ಪ ಮಂಜು, ನಡುವೆ ಚೂಪು, ಕೊನೆಗೆ ಮತ್ತೆ ಸ್ವಲ್ಪ ಮಂಜು. ಹಳೇ ಟಿವಿಯ ಚಿತ್ರ ಹೇಗೂ ಅಷ್ಟು ಚೂಪಾಗಿರುವುದಿಲ್ಲ, ಹೊಂದಿಕೊಳ್ಳುತ್ತದೆ. ಉಬ್ಬಿನ ತುದಿಯಲ್ಲಿ ರಬ್ಬರ್ ತೆಳ್ಳಗಾಗಿ ಬೆಳಕು ಹೆಚ್ಚು ಹಾಯುತ್ತದೆ. ವಿಡಿಯೋದ ಮಧ್ಯಭಾಗವನ್ನು ಮೊದಲೇ ಕೊಂಚ ಕಪ್ಪಾಗಿಸಿ.

ಪ್ರೊಜೆಕ್ಟರ್ 3ಎಲ್‌ಸಿಡಿ ಜಾತಿಯದಿರಲಿ, ಅದು ಮೂರು ಬಣ್ಣವನ್ನೂ ಒಟ್ಟಿಗೆ ಬಿಡುತ್ತದೆ. ಒಂದೇ ಚಿಪ್‌ನ ಡಿಎಲ್‌ಪಿಯಲ್ಲಿ ಬಣ್ಣದ ಚಕ್ರ ತಿರುಗುವುದರಿಂದ ಕ್ಯಾಮೆರಾದಲ್ಲಿ ಬಣ್ಣದ ಪಟ್ಟೆ ಬೀಳುತ್ತದೆ. ಇಷ್ಟು ಚಿಕ್ಕ ತೆರೆಗೆ 1000–1500 ಲ್ಯೂಮೆನ್ ಸಾಕು. ಥ್ರೋ ಅನುಪಾತ (ಚಿತ್ರದ ಅಗಲಕ್ಕೆ ಎಷ್ಟು ಪಟ್ಟು ದೂರ ಬೇಕು ಎಂಬ ಲೆಕ್ಕ) 1.5 ಇದ್ದರೆ 40 ಸೆಂ.ಮೀ. ಅಗಲದ ಚಿತ್ರಕ್ಕೆ 60 ಸೆಂ.ಮೀ. ದೂರ ಅನ್ನುತ್ತದೆ ಲೆಕ್ಕ. ಆದರೆ ಅನೇಕ ಪ್ರೊಜೆಕ್ಟರ್‌ಗಳು 1 ಮೀಟರ್‌ಗಿಂತ ಹತ್ತಿರ ಫೋಕಸ್ ಆಗುವುದೇ ಇಲ್ಲ. 1 ಮೀಟರ್‌ನಲ್ಲಿಟ್ಟು, ವಿಡಿಯೋವನ್ನೇ ಫ್ರೇಮಿನ ನಡುವೆ ಶೇ. 60ಕ್ಕೆ ಕುಗ್ಗಿಸಿ. ಜಾಗ ಸಾಲದಿದ್ದರೆ ಕನ್ನಡಿ ಇಟ್ಟು ಬೆಳಕನ್ನು ತಿರುಗಿಸಿ, ಚಿತ್ರ ಎಡಬಲ ತಿರುಗುವುದನ್ನು ಸೆಟ್ಟಿಂಗ್‌ನಲ್ಲಿ ಸರಿಮಾಡಿ. ಕೋಣೆಯ ಬೆಳಕು ತೆರೆಯ ಮೇಲೆ ನೇರ ಬೀಳಕೂಡದು, ಬಿದ್ದರೆ ರಬ್ಬರ್ ರಬ್ಬರಾಗಿಯೇ ಕಾಣುತ್ತದೆ.

ಅಚ್ಚುಮನೆ

ಪೆಟ್ಟಿಗೆಗೆ ಸಿಲಿಕೋನ್. ಚರ್ಮದಷ್ಟು ಮೆದುವಾದ, 00-30 ಮೃದುತ್ವದ ಪ್ಲಾಟಿನಂ ಸಿಲಿಕೋನ್ ತೆಗೆದುಕೊಳ್ಳಿ, ಎರಡು ಭಾಗ ಬೆರೆಸಿದರೆ ಗಟ್ಟಿಯಾಗುವಂಥದ್ದು. 50 × 40 ಸೆಂ.ಮೀ. ಜಾಗಕ್ಕೆ 4 ಮಿ.ಮೀ. ದಪ್ಪ ಅಂದರೆ 800 ಮಿ.ಲೀ., ಪಾತ್ರೆಗೆ ಅಂಟುವುದೂ ಸೇರಿ 950 ಗ್ರಾಂ ಲೆಕ್ಕ ಹಾಕಿ. ಎ ಮತ್ತು ಬಿ ಭಾಗ ಸಮಸಮ, ತಕ್ಕಡಿಯಲ್ಲಿ ತೂಗಿ. ಸಾಮಾನ್ಯವಾಗಿ ಇಂಥದ್ದಕ್ಕೆ 23 ಡಿಗ್ರಿಯಲ್ಲಿ 45 ನಿಮಿಷ ಸಮಯ ಸಿಗುತ್ತದೆ. ಏಪ್ರಿಲ್‌ನ 33 ಡಿಗ್ರಿಯಲ್ಲಿ ಅದು ಹೆಚ್ಚುಕಡಿಮೆ ಅರ್ಧವಾಗುತ್ತದೆ. ಎರಡೂ ಡಬ್ಬ ಫ್ರಿಜ್‌ನಲ್ಲಿಟ್ಟು ತೆಗೆದರೆ ಸಮಯ ಉಳಿಯುತ್ತದೆ.

ಹೆಚ್ಚಿನವರು ಎಡವುವುದು ಗ್ಲೌಸಿನಲ್ಲಿ. ಲೇಟೆಕ್ಸ್ ಗ್ಲೌಸ್ ಮುಟ್ಟಿದ ಕಡೆ ಪ್ಲಾಟಿನಂ ಸಿಲಿಕೋನ್ ಗಟ್ಟಿಯಾಗುವುದೇ ಇಲ್ಲ, ಅಂಟಂಟಾಗಿ ಉಳಿಯುತ್ತದೆ. ಗಂಧಕ ಇರುವ ಶಿಲ್ಪದ ಮೇಣ ಬಳಸಿದರೂ ಅದೇ ಗತಿ. ವಿನೈಲ್ ಗ್ಲೌಸ್ ಹಾಕಿ, ಗಂಧಕವಿಲ್ಲದ ಮೇಣ ತನ್ನಿ. ಅದೇ ಕಾರಣಕ್ಕೆ ಸಿಲಿಕೋನ್ ಸುರಿಯುವ ಟೇಬಲ್ಲಿಗೂ ತೆರೆಯ ಲೇಟೆಕ್ಸ್ ಕೆಲಸದ ಟೇಬಲ್ಲಿಗೂ ದೂರವಿರಲಿ. ಬಣ್ಣಕ್ಕೆ ಸಿಲಿಕೋನ್ ಬಣ್ಣವೇ ಬೇಕು, ಬೇರೆ ಯಾವುದೂ ಅದರ ಮೇಲೆ ನಿಲ್ಲುವುದಿಲ್ಲ.

ನರಗಳಿಗೆ ಚರ್ಮದ ಕೆಳಗೆ ಮೆದು ವಿನೈಲ್ ಹಾಳೆಯ ಸಣ್ಣ ಚೀಲಗಳು, ಒಂದೊಂದಕ್ಕೂ 4 ಮಿ.ಮೀ. ನಳಿಕೆ, ಕೊನೆಗೆ 60 ಮಿ.ಲೀ. ಸಿರಿಂಜ್. ಚೀಲದ ಅಂಚು ಮೇಲೆ ಮೂಡದಂತೆ 5 ಮಿ.ಮೀ. ಸ್ಪಾಂಜ್ ಹೊದಿಸಿ. ಗಾಳಿಯ ಬದಲು ನೀರು ತುಂಬಿದರೆ ಚಲನೆಗೆ ತೂಕ ಬರುತ್ತದೆ. ಆರ್ಡಿನೊ ಎಂಬ ಪುಟ್ಟ ಕಂಪ್ಯೂಟರ್ ಬೋರ್ಡ್, ವಿದ್ಯುತ್ತಿನಿಂದ ತೆರೆದು ಮುಚ್ಚುವ ಸೊಲೆನಾಯ್ಡ್ ಕವಾಟ ಎಂದೆಲ್ಲ ಹೋಗಬೇಡಿ. ಸೊಲೆನಾಯ್ಡ್‌ನ ಟಕ್ ಸದ್ದು ಶೂಟಿಂಗ್ ವೇಳೆಯೇ ರೆಕಾರ್ಡ್ ಮಾಡುವ ಸಿಂಕ್ ಸೌಂಡ್‌ನಲ್ಲಿ ಬೀಳುತ್ತದೆ, ಚಲನೆಯೂ ಒಮ್ಮೆಲೇ ಶುರುವಾಗಿ ಒಮ್ಮೆಲೇ ನಿಲ್ಲುತ್ತದೆ. ಇಬ್ಬರು ಮನುಷ್ಯರು, ತಲಾ ಎರಡು ಸಿರಿಂಜ್. ಎರಡು ಸೆಕೆಂಡ್ ಒಳಗೆ, ಮೂರು ಸೆಕೆಂಡ್ ಹೊರಗೆ, ಒಂದೊಂದು ಚೀಲ ಅರ್ಧ ಸೆಕೆಂಡ್ ಹಿಂದುಮುಂದಾಗಿ.

ಹಳೇರೀಲು

ಇಷ್ಟೆಲ್ಲ ಮಾಡಿದ ಮೇಲೆ ದೃಶ್ಯ ನಿಲ್ಲುವುದು ಬೀಳುವುದು ಶಾಟ್‌ಗಳ ಸರದಿಯಲ್ಲಿ. ಮೂಲದ ದೃಶ್ಯದಲ್ಲಿ ತುಟಿಗಳು ತೆರೆ ತುಂಬಿ ಕರೆಯುತ್ತವೆ, ಪೆಟ್ಟಿಗೆ ಅಲೆಯಾಡುತ್ತದೆ, ನಾಯಕ ಅದನ್ನು ಸವರುತ್ತಾನೆ, ತೆರೆ ಉಬ್ಬುತ್ತದೆ, ಕಡೆಗೆ ಮುಖವನ್ನೇ ಅದರೊಳಗೆ ಹುದುಗಿಸುತ್ತಾನೆ. ಪ್ರತಿ ಹೆಜ್ಜೆಯಲ್ಲೂ ಯಾರು ಮೊದಲು ಚಲಿಸಿದರು ಎಂಬ ಲೆಕ್ಕ ಇದೆ. ನಿಮ್ಮದರಲ್ಲಿ ಅಂಗೈ ತಗುಲಿದ ಮೇಲೆ ತೆರೆ ಉಬ್ಬಿದರೆ ಅದು ಟಚ್ ಸ್ಕ್ರೀನ್. ಅಂಗೈ ಇನ್ನೂ ಒಂದು ಗೇಣು ದೂರ ಇರುವಾಗಲೇ ಉಬ್ಬಲು ಶುರುವಾಗಲಿ, ಅವಳು ಅರೆಗಳಿಗೆ ತಡೆಯಲಿ, ತೆರೆಯೂ ತಡೆಯಲಿ. ಪಂಪು ಒತ್ತುವವರಿಗೆ ಮಾನಿಟರ್ ಕಾಣಲೇಬೇಕು. ಕಾಣದಿದ್ದರೆ ಈ ಅರೆಗಳಿಗೆ ಸಿಗುವುದಿಲ್ಲ.

ಬೇರೆ ದಾರಿಗಳೂ ಇವೆ. ಶಿನ್ಯಾ ತ್ಸುಕಾಮೊಟೊ ಅವರ ‘ಟೆಟ್ಸುವೊ’ (1989) 67 ನಿಮಿಷದ್ದು, 16 ಮಿ.ಮೀ., ಕಪ್ಪುಬಿಳುಪು. ಮನುಷ್ಯನ ಮೈಯಲ್ಲಿ ಗುಜರಿ ಲೋಹ ಬೆಳೆಯುತ್ತದೆ. ಬಣ್ಣ ಇಲ್ಲದಿರುವುದರಿಂದ ಚರ್ಮ, ರಬ್ಬರ್, ತವರದ ನಡುವಿನ ಜಂಟಿಯೇ ಕಾಣುವುದಿಲ್ಲ. ದುಡ್ಡಿಲ್ಲದವರಿಗೆ ಇದಕ್ಕಿಂತ ಒಳ್ಳೆಯ ಪಾಠವಿಲ್ಲ. ನಟನನ್ನೇ ಬೊಂಬೆಯಂತೆ ಫ್ರೇಮ್ ಫ್ರೇಮ್ ಸರಿಸಿ ತೆಗೆಯುವ ಪದ್ಧತಿಯನ್ನು ಅದರಲ್ಲಿ ಧಾರಾಳ ಬಳಸಿದ್ದಾರೆ. ನೀವು ಮಾಡುವುದಾದರೆ ಎರಡೆರಡು ಫ್ರೇಮಿಗೆ ಒಂದು ಫೋಟೊ, 25 ಫ್ರೇಮ್ ಲೆಕ್ಕದಲ್ಲಿ 10 ಸೆಕೆಂಡಿಗೆ 125 ಫೋಟೊ. ಎಕ್ಸ್‌ಪೋಷರ್, ಫೋಕಸ್, ವೈಟ್ ಬ್ಯಾಲೆನ್ಸ್ ಮೂರೂ ಮ್ಯಾನುವಲ್‌ನಲ್ಲಿರಲಿ. ಕಿಟಕಿಯ ಬೆಳಕು ನಂಬಬೇಡಿ, ಮೋಡ ಸರಿದರೆ ಶಾಟ್ ಪೂರ್ತಿ ಮಿನುಗುತ್ತದೆ.

ಜೂಲಿಯಾ ಡುಕೂರ್ನೊ ಅವರ ‘ಟಿಟಾನ್’ 2021ರಲ್ಲಿ ಕಾನ್‌ನ ಅತಿ ದೊಡ್ಡ ಪ್ರಶಸ್ತಿಯಾದ ಪಾಮ್ ದೋರ್ ಗೆದ್ದಿತು. ಅದರಲ್ಲಿ ಕಾರಿನಿಂದ ಬಸಿರಾದವಳ ಮೈಯಿಂದ ಕಪ್ಪು ಎಣ್ಣೆ ಒಸರುತ್ತದೆ. ನಿಮಗೂ ಅಂಥ ದ್ರವ ಬೇಕಾದರೆ ನಿಜವಾದ ಎಂಜಿನ್ ಆಯಿಲ್ ಯಾರ ಮೈಗೂ ಹಚ್ಚಬೇಡಿ. ಬೇಕರಿ ಸಾಮಾನಿನ ಅಂಗಡಿಯಲ್ಲಿ ದ್ರವವನ್ನು ಮಂದವಾಗಿಸುವ ಸಿಎಂಸಿ ಪುಡಿ ಸಿಗುತ್ತದೆ. 20–25 ಗ್ರಾಂ ಪುಡಿಯನ್ನು ಮೊದಲು 50 ಮಿ.ಲೀ. ಗ್ಲಿಸರಿನ್‌ನಲ್ಲಿ ಕಲಸಿ, ಆಮೇಲೆ 1 ಲೀಟರ್ ನೀರಿಗೆ ತಿರುವುತ್ತಾ ಬಿಡಿ. ನೇರ ನೀರಿಗೆ ಹಾಕಿದರೆ ಗಂಟು ಕಟ್ಟುತ್ತದೆ. ತಿನ್ನುವ ಕಪ್ಪು ಬಣ್ಣ ಸೇರಿಸಿ, ಒಂದು ರಾತ್ರಿ ಬಿಟ್ಟರೆ ಗುಳ್ಳೆ ಹೋಗುತ್ತದೆ. ಇದು ಲೇಟೆಕ್ಸ್‌ಗೂ ತೊಂದರೆ ಮಾಡುವುದಿಲ್ಲ.

ಬೆಳಕುಗಿಂಡಿ

ನಟಿಯ ವಿಷಯ ಯಾರೂ ಎತ್ತಲಿಲ್ಲ. ರಬ್ಬರ್ ತೆರೆಗೆ ಕೈ ತಾಗಿಸುವುದೂ ಕಾಮದ ದೃಶ್ಯವೇ. ಪೆಟ್ಟಿಗೆಯ ಹಿಂದೆ ಇಬ್ಬರು ಮೂವರು ಪಂಪು, ಸಿರಿಂಜ್ ಹಿಡಿದು ಅವಳಿಗೆ ಕಾಣದಂತೆ ಕೂತಿರುತ್ತಾರೆ. ಅವರು ಯಾರು, ಒಳಗಿನಿಂದ ಬರುವ ಕೈ ಯಾರದು ಎಂದು ಅವಳಿಗೆ ಮೊದಲೇ ಗೊತ್ತಿರಬೇಕು. ಯಾವ ಅಂಗಕ್ಕೆ ಏನು ತಾಗುತ್ತದೆ, ಎಷ್ಟು ಹೊತ್ತು, ಯಾವ ಮಾತಿಗೆ ಎಲ್ಲರೂ ನಿಲ್ಲಿಸಬೇಕು, ಇವನ್ನು ಬರೆದು ಒಪ್ಪಿಗೆ ಪಡೆಯಿರಿ. ಆ ದಿನ ಸೆಟ್‌ನಲ್ಲಿ ಕೆಲಸ ಇದ್ದವರು ಮಾತ್ರ ಇರಲಿ, ಮಾನಿಟರ್‌ನ ಫೋಟೊ ಯಾರೂ ತೆಗೆಯಬಾರದು. ಇಂಟಿಮಸಿ ಕೋಆರ್ಡಿನೇಟರ್ (ಇಂಥ ದೃಶ್ಯಗಳಲ್ಲಿ ನಟರ ಒಪ್ಪಿಗೆ, ಸುರಕ್ಷತೆ ನೋಡಿಕೊಳ್ಳುವವರು) ಸಿಕ್ಕರೆ ಕಥೆ ಓದುವ ಹಂತದಲ್ಲೇ ಕರೆಯಿರಿ.

ಮುಖವನ್ನು ರಬ್ಬರಿಗೆ ಒತ್ತುವ ಶಾಟ್ ಇದ್ದರೆ ಉಸಿರು ಕಟ್ಟುತ್ತದೆ. ಒಂದೊಂದು ಟೇಕ್ 10 ಸೆಕೆಂಡ್ ದಾಟಬಾರದು, ಗಾಳಿ ಬಿಡುವ ಕವಾಟದ ಮೇಲೆ ಒಬ್ಬರ ಕೈ ಸದಾ ಇರಬೇಕು.

ಪ್ರಮಾಣಪತ್ರದ ಮಾತು: ಥಿಯೇಟರ್‌ಗೆ ತರುವುದಾದರೆ ‘ಎ’ ಎಂದೇ ಅಂದಾಜು ಮಾಡಿ. ನಮ್ಮ ಸೆನ್ಸಾರ್ ಮಂಡಳಿ ಕತ್ತರಿ ಹೇಳಿದರೆ ಮೊದಲಿದ್ದ ಮೇಲ್ಮನವಿ ನ್ಯಾಯಮಂಡಳಿ 2021ರಲ್ಲಿ ರದ್ದಾಗಿದೆ, ಈಗ ಹೈಕೋರ್ಟ್‌ಗೇ ಹೋಗಬೇಕು. ಚಿತ್ರೋತ್ಸವಗಳಿಗೆ ಕೇಂದ್ರ ಸರ್ಕಾರದಿಂದ ವಿನಾಯಿತಿ ಸಿಗುತ್ತದೆ, ಬೆಂಗಳೂರಿನ ಉತ್ಸವದಲ್ಲಿ ಇಂಥ ಚಿತ್ರಗಳನ್ನು ಕತ್ತರಿಯಿಲ್ಲದೆ ನೋಡಲು ಆಗುವುದು ಅದರಿಂದಲೇ. ಕಿರುಚಿತ್ರಕ್ಕೆ ಅದೇ ನೇರ ದಾರಿ.

ದನಿಪಟ್ಟಿ

ಅಚ್ಚುಮನೆಯವರು ಹೇಳಿದ ‘ಆಸೆಯ ದಿಕ್ಕು’ ಒಪ್ಪಿದೆ. ಹಾಗಾದರೆ ಶಬ್ದಕ್ಕೂ ದಿಕ್ಕು ಬೇಕು.

ಪಾಲ್ ಟಿವಿ ಉರಿಯುವಾಗ 15,625 ಹರ್ಟ್ಸ್‌ನ ಸಣ್ಣ ಕೀರಲು ಸದ್ದು ಬರುತ್ತದೆ: 625 ಗೆರೆ, ಸೆಕೆಂಡಿಗೆ 25 ಸಲ. ನಿಜವಾದ ಟಿವಿಯ ಶಾಟ್‌ಗಳಲ್ಲಿ ಅದು ಮೈಕ್‌ನಲ್ಲಿ ಬೀಳುತ್ತದೆ, ಟೊಳ್ಳು ಪೆಟ್ಟಿಗೆಯ ಶಾಟ್‌ಗಳಲ್ಲಿ ಇರುವುದಿಲ್ಲ. ಸರಿಪಡಿಸದೆ ಬಿಟ್ಟರೆ ಪ್ರತಿ ಕಟ್‌ಗೂ ಸದ್ದು ಬಂದು ಹೋಗಿ ಮಾಡುತ್ತದೆ. ಎಲ್ಲ ಕಡೆಯಿಂದ ಅದನ್ನು ಫಿಲ್ಟರ್‌ನಲ್ಲಿ ತೆಗೆದು, ಬೇಕಾದ ಕಡೆ ನೀವೇ ಹಾಕಿ. ತೆರೆ ಮೆತ್ತಗಾಗುವ ಕ್ಷಣಕ್ಕೆ ಸರಿಯಾಗಿ ಕೀರಲು ನಿಲ್ಲಲಿ. ಆದರೆ ವಯಸ್ಸಾದವರ ಕಿವಿಗೆ ಅದು ಕೇಳುವುದಿಲ್ಲ, ಆನ್‌ಲೈನ್ ಕಂಪ್ರೆಷನ್‌ನಲ್ಲೂ ಕಳೆದುಹೋಗಬಹುದು. ಹಾಗಾಗಿ 50 ಹರ್ಟ್ಸ್‌ನ ಗುಂಯ್‌ಗುಟ್ಟುವಿಕೆ, ಅದರ ಎರಡರಷ್ಟಾದ 100 ಹರ್ಟ್ಸ್ ಎರಡನ್ನೂ ಜೊತೆಗಿಟ್ಟು ಒಟ್ಟಿಗೆ ಕತ್ತರಿಸಿ. ಫೋನ್ ಸ್ಪೀಕರ್‌ನಲ್ಲಿ 50 ಬರುವುದಿಲ್ಲ, ಅದಕ್ಕೇ 100 ಬೇಕು.

ಆಮೇಲೆ ಉಸಿರು. ನಟಿಯ ಉಸಿರನ್ನೇ ಮೈಕ್‌ನಿಂದ 10 ಸೆಂ.ಮೀ. ದೂರದಲ್ಲಿ ರೆಕಾರ್ಡ್ ಮಾಡಿ 5–7 ಸೆಮಿಟೋನ್ ಇಳಿಸಿ ತೆರೆಗೆ ಕೊಡಿ. ಬೇರೆಯವರ ಉಸಿರು ಬೇಡ. ‘ವಿಡಿಯೋಡ್ರೋಮ್’ನಲ್ಲಿ ಶೋರ್ ತಮ್ಮ ವಾದ್ಯವೃಂದದ ಸಂಗೀತವನ್ನು ಡಿಜಿಟಲ್ ಸಿಂಥಸೈಜರ್ ಆದ ಸಿಂಕ್ಲಾವಿಯರ್‌ಗೆ ಊಡಿಸಿ, ಅದರ ಜೊತೆಗೆ ನಿಜವಾದ ತಂತಿವಾದ್ಯಗಳನ್ನೂ ನುಡಿಸಿದರು. ಯಾವುದು ಯಂತ್ರ, ಯಾವುದು ಕೈ ಎಂದು ಬೇರ್ಪಡಿಸಲಾಗದು. ನಿಮ್ಮ ಉಸಿರಿನ ಪದರಕ್ಕೂ ಅದೇ ಉಪಾಯ.

ಮೂರನೇಸಾಲು

ಕೊನೆಯದೊಂದು: ಪಂಪು, ಸಿರಿಂಜ್, ಪ್ರೊಜೆಕ್ಟರ್ ಎಲ್ಲ ಒಂದೇ ದಿನ ಸೆಟ್‌ನಲ್ಲೇ ಮೊದಲ ಸಲ ಸೇರಿಸಿದರೆ ಆಗುತ್ತದೆಯೇ?

ಅಚ್ಚುಮನೆ

ಆಗುವುದಿಲ್ಲ. ಶೂಟಿಂಗ್‌ಗೆ ಕನಿಷ್ಠ ಒಂದು ವಾರ ಮುಂಚೆ ಕ್ಯಾಮೆರಾ ಸಮೇತ ಪರೀಕ್ಷೆ ಮಾಡಿ. ಮೊದಲ ದಿನ ಹಾಳೆಯನ್ನು ಬೇಕೆಂದೇ ಹರಿಯುವವರೆಗೆ ಉಬ್ಬಿಸಿ, ಎಷ್ಟು ಸೆಂ.ಮೀ.ಗೆ ಹರಿಯಿತು ಎಂದು ಅಳೆದುಕೊಳ್ಳಿ. ಹರಿಯುವಾಗ ಎದುರಿಗೆ ಯಾರೂ ನಿಲ್ಲಬೇಡಿ, ಕಣ್ಣಿಗೆ ಕನ್ನಡಕ ಹಾಕಿ. ಶಾಟ್‌ನಲ್ಲಿ ಆ ಅಳತೆಯ ಮೂರನೇ ಎರಡು ಭಾಗ ದಾಟಬೇಡಿ. ಪಂಪಿನ ನಳಿಕೆ 2 ಮೀಟರ್‌ಗಿಂತ ಉದ್ದವಾದರೆ ಒತ್ತಿದ್ದಕ್ಕೂ ಉಬ್ಬಿದ್ದಕ್ಕೂ ನಡುವೆ ತಡವಾಗುತ್ತದೆ, ಪಂಪು ಒತ್ತುವವರು ಆ ತಡವನ್ನು ಕಾಲಿನಲ್ಲಿ ಕಲಿತಿರಬೇಕು. ಶೂಟಿಂಗ್ ದಿನ ಅದೇ ಜನ, ಅದೇ ನಳಿಕೆ.